ಎಳೆ ಉಳ್ಳಾಗಡ್ಡಿಯ ಜಾಡಿಗೆ ಹುಳಿಯೇ ಕಾವಲು

ಎಳ್ಳಮಾವಾಸ್ಯೆ ಹತ್ತಿರ ಬಂತೆಂದರೆ ಬೀದರ, ಭಾಲ್ಕಿ, ಔರಾದ ಸೀಮೆಯ ಸಂತೆಗಳಲ್ಲಿ ತಪ್ಪಲುಪಲ್ಯಗಳ ನಡುವೆ ಎಳೆ ಉಳ್ಳಾಗಡ್ಡಿಯ ಕಟ್ಟುಗಳೂ ಕಾಣುತ್ತವೆ. ಭಜ್ಜಿಗೆ ಒಂದಿಷ್ಟು, ಜೋಳದ ರೊಟ್ಟಿಯ ಜೊತೆ ಹಸಿಯಾಗಿ ಕಡಿಯಲು ಒಂದಿಷ್ಟು ಹೋದರೆ ಉಳಿದದ್ದು ಎರಡು ದಿನದಲ್ಲಿ ಬಾಡಿ ದನದ ಪಾಲಾಗುತ್ತದೆ. ಇದೇ ಸೀಮೆಯ ಮೆಹಕರದಂಥ ಊರಿನ ಹಿತ್ತಲಲ್ಲಿ ಬೆಳೆದದ್ದಾದರೂ ಅಷ್ಟೇ. ಇದನ್ನು ಉಪ್ಪಿನಕಾಯಿ ಹಾಕಿ ಬೇಸಿಗೆಯವರೆಗೆ ಉಳಿಸಿಕೊಳ್ಳಬಹುದು. ಆದರೆ ಮಾವಿನಕಾಯಿಯ ಲೆಕ್ಕ ಇದಕ್ಕೆ ಹೊಂದುವುದಿಲ್ಲ. ಎಳೆ ಉಳ್ಳಾಗಡ್ಡಿಯನ್ನು ಕಾಯುವುದು ಹುಳಿ. ಎಣ್ಣೆಯನ್ನು ನಂಬಿ ಕೂರುವುದು ಅಪಾಯ.

ಹಸಿ ಮಾವಿನಕಾಯಿ ಹುಟ್ಟಿನಿಂದಲೇ ಹುಳಿ. ಅದರ ಮೇಲೆ ಸುರಿದ ಎಣ್ಣೆಗೆ ಗಾಳಿಯನ್ನೂ ಬೂಷ್ಟನ್ನೂ ತಡೆಯುವ ಕೆಲಸವಷ್ಟೇ ಉಳಿದಿರುತ್ತದೆ. ಉಳ್ಳಾಗಡ್ಡಿಯಲ್ಲಿ ಆ ಹುಳಿ ಇಲ್ಲ; ಹುಳಿಯನ್ನು ಅಳೆಯುವ ಪಿಎಚ್ ಅದರಲ್ಲಿ ಸುಮಾರು 5.5. ಈ ಅಂಕಿ ಇಳಿದಷ್ಟೂ ಹುಳಿ ಹೆಚ್ಚು. ನೂರಕ್ಕೆ ತೊಂಬತ್ತರಷ್ಟು ನೀರು, ಸಾಲದ್ದಕ್ಕೆ ಮಣ್ಣಿನೊಳಗೇ ಬೆಳೆದ ಗಡ್ಡೆ. ಮಣ್ಣಿನಲ್ಲಿರುವ ಕ್ಲಾಸ್ಟ್ರಿಡಿಯಂ ಬೊಟುಲಿನಂ ಎಂಬ ಸೂಕ್ಷ್ಮಜೀವಿಯ ಬೀಜಕಣಗಳು ನೀರು ಕುದಿಯುವ ಶಾಖಕ್ಕೂ ಸಾಯುವುದಿಲ್ಲ. ಗಾಳಿಯಿಲ್ಲದ, ಹುಳಿಯಿಲ್ಲದ ಒದ್ದೆ ಜಾಗ ಸಿಕ್ಕರೆ ಮೊಳೆತು, ನರಗಳನ್ನು ಸ್ತಬ್ಧಗೊಳಿಸುವ ವಿಷ ಕಾರುತ್ತವೆ. ಎಣ್ಣೆಯಲ್ಲಿ ಮುಳುಗಿಸಿಟ್ಟ ಹಸಿ ಉಳ್ಳಾಗಡ್ಡಿ ಅಂಥದೇ ಜಾಗ. ವಾಸನೆ, ಬಣ್ಣ ನೋಡಿ ಈ ವಿಷವನ್ನು ಹಿಡಿಯಲಾಗದು. ಪಿಎಚ್ 4.6ಕ್ಕಿಂತ ಕೆಳಗಿಳಿದರೆ ಮಾತ್ರ ಆ ಜೀವಿ ಬೆಳೆಯಲಾರದು.

ಹುಳಿಯನ್ನು ಹೊರಗಿಂದ ತರಬೇಕೆಂದೇನೂ ಇಲ್ಲ. ಎಳ್ಳಮಾವಾಸ್ಯೆಯ ಅಂಬಲಿಯನ್ನು ಹುಳಿಯಾಗಿಸುವ ಬಗೆಯ ಬ್ಯಾಕ್ಟೀರಿಯಾಗಳು ತಪ್ಪಲಿನ ಮೇಲೂ ಇರುತ್ತವೆ. ಕೊರಿಯಾದವರ ಎಳೆ ಈರುಳ್ಳಿ ಕಿಮ್ಚಿ ಹುಳಿಯುವುದೂ ಅವುಗಳಿಂದಲೇ. ಬೇರು ತೆಗೆದು, ಮಣ್ಣು ಹೋಗುವಂತೆ ಎರಡು ಮೂರು ಸಲ ತೊಳೆದ ಅರ್ಧ ಕಿಲೋ ಉಳ್ಳಾಗಡ್ಡಿಗೆ ಅರ್ಧ ಲೀಟರು ಕುದಿಸಿ ಆರಿಸಿದ ನೀರು, 30 ಗ್ರಾಂ ಉಪ್ಪು. ಉಪ್ಪನ್ನು ತೂಗಿಯೇ ಹಾಕಬೇಕು. ಕೈಯಳತೆ ಇಲ್ಲಿ ನಡೆಯದು. ಎರಡು ಹಸಿಮೆಣಸಿನಕಾಯಿ ಸೀಳಿ ಹಾಕಿ, ಎಲ್ಲವೂ ನೀರಿನಡಿ ಉಳಿಯುವಂತೆ ಮೇಲೊಂದು ಭಾರವಿಟ್ಟು, ದಿನಕ್ಕೊಮ್ಮೆ ಮುಚ್ಚಳ ಸಡಿಲಿಸಿ ಗಾಳಿ ಬಿಡಬೇಕು. ಬೀದರದ ಚಳಿಗಾಲದಲ್ಲಿ ವಾರ ಹತ್ತು ದಿನಕ್ಕೆ ನೀರು ಮಬ್ಬಾಗಿ ಹುಳಿ ಬರುತ್ತದೆ. ಪಿಎಚ್ ಪಟ್ಟಿ ಅದ್ದಿ 4ರ ಆಸುಪಾಸು ತೋರಿದ ಮೇಲೆ ಜಾಡಿ ಫ್ರಿಜ್ ಸೇರಬೇಕು. ಮೇ ತಿಂಗಳ ಬಿಸಿಲಲ್ಲಿ ಈ ಕೆಲಸಕ್ಕೆ ಕೈ ಹಾಕದಿರುವುದು ಒಳ್ಳೆಯದು. ಹುಳಿಯುವ ಮೊದಲೇ ತಪ್ಪಲು ಕೊಳೆತು ಲೋಳೆಯಾಗುತ್ತದೆ.

ಅಜ್ಜಿಯಂದಿರು ಬೆಳ್ಳುಳ್ಳಿಯನ್ನು ಎಣ್ಣೆಯಲ್ಲೇ ಹಾಕುತ್ತಿದ್ದರಲ್ಲ ಎಂದು ಕೇಳಬಹುದು. ಹಾಕುತ್ತಿದ್ದರು, ನಿಂಬೆರಸವನ್ನೋ ಹುಣಸೆಯನ್ನೋ ಧಾರಾಳವಾಗಿ ಸೇರಿಸಿ. ಆ ಹುಳಿ ರುಚಿಗಷ್ಟೇ ಎಂದುಕೊಂಡು ಇಂದಿನ ಅಡುಗೆಯಲ್ಲಿ ಅದನ್ನು ಬಿಡುವುದೇ ತಪ್ಪು. ರಕ್ತದೊತ್ತಡ ಇರುವವರಿಗೆ ಉಪ್ಪಿನ ಭಯ ಸಹಜ. ಆದರೆ ಮೇಲಿನ ಅಳತೆಯಲ್ಲಿ ನೂರಕ್ಕೆ 3 ಪಾಲು ಉಪ್ಪು. ಎಣ್ಣೆಯ ಮಾವಿನಕಾಯಿ ಉಪ್ಪಿನಕಾಯಿಯಲ್ಲಿ ಸಾಮಾನ್ಯವಾಗಿ ಹತ್ತಕ್ಕೂ ಹೆಚ್ಚು. ಈ ಉಳ್ಳಾಗಡ್ಡಿಯನ್ನು 20 ಗ್ರಾಂ ತಿಂದರೆ ಅರ್ಧ ಗ್ರಾಮಿಗಿಂತ ಸ್ವಲ್ಪ ಹೆಚ್ಚು ಉಪ್ಪು ಹೊಟ್ಟೆ ಸೇರುತ್ತದೆ. ವಿಶ್ವ ಆರೋಗ್ಯ ಸಂಸ್ಥೆ ಹೇಳುವ ದಿನದ ಮಿತಿ 5 ಗ್ರಾಂ.

ಬೇರೆ ದೇಶಗಳಲ್ಲಿ ಕಾಡಿನ ಈರುಳ್ಳಿಯನ್ನೇ ಕಿತ್ತು ತಂದು ಜಾಡಿಗೆ ತುಂಬುತ್ತಾರೆ, ನಾವೇಕೆ ಬಾರದು ಎನ್ನುವವರಿಗೆ ಮಾತ್ರ ಖಡಾಖಂಡಿತವಾಗಿ ಬೇಡ ಎನ್ನಬೇಕು. ದಖ್ಖನಿನ ಒಣ ಗುಡ್ಡಗಳಲ್ಲಿ ಕಾಡು ಈರುಳ್ಳಿ ಎಂದು ಕರೆಸಿಕೊಳ್ಳುವ ಡ್ರಿಮಿಯಾ ಇಂಡಿಕಾ ಉಳ್ಳಾಗಡ್ಡಿಯ ಕುಲದ್ದೇ ಅಲ್ಲ. ಗಡ್ಡೆ ಪದರುಪದರಾಗಿ ಹಾಗೇ ಕಂಡರೂ ಮುರಿದರೆ ಉಳ್ಳಾಗಡ್ಡಿಯ ಘಾಟು ಬರುವುದಿಲ್ಲ. ಆಯುರ್ವೇದದಲ್ಲಿ ಇದು ವನಪಲಾಂಡು, ಔಷಧಿ. ಹೃದಯದ ಬಡಿತವನ್ನೇ ಏರುಪೇರು ಮಾಡುವ ಸತ್ವಗಳು ಇದರಲ್ಲಿವೆ. ಹುಳಿ ತಡೆಯುವುದು ಸೂಕ್ಷ್ಮಜೀವಿಯನ್ನು. ಗಿಡದೊಳಗಿನ ಈ ವಿಷದ ಮುಂದೆ ಅದು ನೆಚ್ಚಿಕೊಳ್ಳುವ ಕಾವಲಲ್ಲ. ತಿಳಿಯದೆ ತಿಂದು ವಾಂತಿಯಾಗಿ ನಾಡಿ ತಪ್ಪತೊಡಗಿದರೆ, ಆ ಗಡ್ಡೆಯ ತುಂಡನ್ನೂ ಹಿಡಿದುಕೊಂಡು ತಡಮಾಡದೆ ಆಸ್ಪತ್ರೆಗೆ ಹೋಗಬೇಕು.