ಪಪ್ಪಾಯಿ ತಿಂದವರು ಯಾರು? ವಿಷ ಇಡೋ ಮುಂಚೆ ಗುರುತು ನೋಡ್ರಿ

ರಾತ್ರಿ ಹಿತ್ತಲಿಗೆ ನುಗ್ಗಿ ಹಣ್ಣು, ಮೊಟ್ಟೆ, ಕಸದ ಡಬ್ಬಿ ಯಾವುದನ್ನೂ ಬಿಡದ ರಕೂನ್ ರೀಲ್ಸ್ ನೀವೂ ನೋಡಿರ್ತೀರಿ. ಅದು ಅಮೆರಿಕದ ಪ್ರಾಣಿ, ಹಾಲುಗಾಳಿನ ಗೋವಿನಜೋಳ ಅಂದ್ರೆ ಅದಕ್ಕೆ ಬಲು ಇಷ್ಟ. ಯಾದಗಿರಿ, ಶಹಾಪುರ, ಸುರಪುರದ ಕಡೆ ಅದಿಲ್ಲ. ಆದರೆ ಅದೊಂದೇ ಮಾಡೋ ಕೆಲಸವನ್ನ ನಮ್ಮಲ್ಲಿ ಹೆಗ್ಗಣ, ಮರಬೆಕ್ಕು, ಮುಂಗುಸಿ, ಬಾವಲಿ, ಅಳಿಲು ಹಂಚಿಕೊಂಡಿವೆ. ಕಷ್ಟ ಇರೋದೇ ಇಲ್ಲಿ. ಹಣ್ಣು ತಿಂದದ್ದು ಒಂದು, ವಿಷ ತಿಂದು ಸಾಯೋದು ಇನ್ನೊಂದು.

ನನಗೆ ಬರೋ ಫೋಟೋಗಳಲ್ಲಿ ಹೆಚ್ಚಿನವು ಪಪ್ಪಾಯಿಯವು. ಗಿಡದ ಮೇಲೇ, ಪೂರ್ತಿ ಮಾಗಿದ ಹಣ್ಣನ್ನೇ ಆರಿಸಿ, ಒಳಗಿನ ತಿರುಳು ಬಗೆದು ತಿಂದು ಸಿಪ್ಪೆ ಬಿಟ್ಟಿದ್ದರೆ ಮರಬೆಕ್ಕಿನ ಮೇಲೆ ಅನುಮಾನ ಪಡ್ರಿ. ಪುನುಗು ಬೆಕ್ಕು ಅಂತಲೂ ಕರೀತಾರ. ಬೆಳಿಗ್ಗೆ ಕಾಂಪೌಂಡ್ ಗೋಡೆ, ಮಾಳಿಗೆ ಮೇಲೆ ಹುಡುಕ್ರಿ: ಅದರ ಹಿಕ್ಕೆಯೊಳಗೆ ಈಚಲು, ಪಪ್ಪಾಯಿ ಬೀಜ ಅರಗದೆ ಇಡಿಯಾಗೇ ಇರ್ತಾವ. ಬಾವಲಿ ಆಗಿದ್ದರೆ ಗಿಡದ ಕೆಳಗೆ ರಸ ಹೀರಿ ಉಗುಳಿದ ನಾರಿನ ಉಂಡೆ ಬಿದ್ದಿರ್ತಾವ. ಪೇರಲ ಗಿಡದ ಕೆಳಗಂತೂ ರಾಶಿ. ಜೋಡಿ ಹಲ್ಲಿನ ಸಣ್ಣ ಗೀರು ಕಂಡರೆ ಇಲಿ ಅಥವಾ ಅಳಿಲು. ಹಾನಿ ಹಗಲಲ್ಲಿ ಆಗಿದ್ದರೆ ಅಳಿಲೇ.

ಮರಬೆಕ್ಕಿಗೆ ಮದ್ದು ಸರಳ. ಹಸಿರು ಕಾಯಿ ಮೇಲೆ ಹಳದಿ ಗೆರೆ ಮೂಡಿದ ದಿನವೇ ಕೊಯ್ದು ಮನೆಯೊಳಗೆ ಹುಲ್ಲಿನಲ್ಲಿ ಹಣ್ಣು ಮಾಡ್ರಿ. ಕಾಂಡದ ಸುತ್ತ ಎರಡು ಅಡಿ ಅಗಲದ ನುಣುಪು ತಗಡು ಸುತ್ತಿದರೆ ಅದಕ್ಕೆ ಹತ್ತೋದು ಕಷ್ಟ. ಆದರೆ ಪಕ್ಕದ ಮರದ ಟೊಂಗೆ ತಾಗುವಂತಿದ್ದರೆ ತಗಡು ಇದ್ದೂ ಇಲ್ಲದಂಗೆ. ಇದೇ ಪ್ರಾಣಿ ಇಲಿಗಳನ್ನೂ ತಿಂತದ ಅನ್ನೋದು ಲೆಕ್ಕದಾಗ ಇರಲಿ.

ಇನ್ನು ಕೋಳಿ ಗೂಡು. ಮರಿ ಹೋಯ್ತು ಅಂದ ಕೂಡಲೇ ನಮ್ಮವರು ಮುಂಗುಸಿ ಹೆಸರು ಹೇಳ್ತಾರ. ಮುಂಗುಸಿ ಹಗಲಿನ ಪ್ರಾಣಿ. ಮೇಯಲು ಬಿಟ್ಟ ಮರಿ, ಮೊಟ್ಟೆ ಅದು ಒಯ್ಯೋದು ಖರೆ, ಆದರೆ ಮುಚ್ಚಿದ ಗೂಡಿನಿಂದ ನಡುರಾತ್ರಿ ಮರಿ ಮಾಯವಾದರೆ ಅದರ ಮೇಲೆ ಕೇಸ್ ಹಾಕೋದು ಸರಿಯಲ್ಲ. ಗೂಡಿನ ತಳದಲ್ಲಿ ಹೊಸ ಮಣ್ಣಿನ ಗುಡ್ಡೆ, ತೂತು ಇದೆಯಾ ನೋಡ್ರಿ. ಇದ್ದರೆ ಹೆಗ್ಗಣ. ಅರ್ಧ ಇಂಚಿನ ಕಬ್ಬಿಣದ ಜಾಳಿಗೆಯನ್ನ ಸುತ್ತಲೂ ಒಂದಡಿ ನೆಲದೊಳಗೆ ಹುಗಿದರೆ ಎರಡೂ ಬರಲ್ಲ.

ನಾರಾಯಣಪುರ ಎಡದಂಡೆ ಕಾಲುವೆ ನೀರು ಹರಿದ ಮೇಲೆ ಶಹಾಪುರ, ಸುರಪುರದಾಗ ಭತ್ತ ಹೆಚ್ಚಾಯ್ತು. ಭತ್ತದ ಜೊತೆ ಹೆಗ್ಗಣಕ್ಕೂ ಸುಗ್ಗಿ. ಒಡ್ಡಿನಾಗ ಬಿಲ, ಬಿಲದಾಗ ತೆನೆಗಳ ದಾಸ್ತಾನು. ರಾಶಿ ಮುಗಿದು ಗದ್ದೆ ಖಾಲಿಯಾದಾಗ ಅವು ಊರ ಕಡೆ, ನಮ್ಮ ಹಿತ್ತಲ ಕಡೆ ತಿರುಗ್ತಾವ. ವಿಷ ಹೆಚ್ಚು ಮಾರಾಟ ಆಗೋದೂ ಆವಾಗಲೇ.

ನಮ್ಮೂರಲ್ಲಿ ಒಬ್ಬರು ಪಪ್ಪಾಯಿ ಹೋಳಿಗೆ ಜಿಂಕ್ ಫಾಸ್ಫೈಡ್ ಹಚ್ಚಿ ಗಿಡದ ಬುಡಕ್ಕಿಟ್ಟಿದ್ದರು. ಬೆಳಿಗ್ಗೆ ಸತ್ತು ಬಿದ್ದದ್ದು ಅವರದ್ದೇ ನಾಯಿ. ಪಕ್ಕದಲ್ಲೇ ಅವರ ಮೊಮ್ಮಗಳು ಆಡುವ ಜಾಗ. ಈ ವಿಷಕ್ಕೆ ಪ್ರತಿವಿಷ ಇಲ್ಲ. ಬ್ರೋಮಾಡಿಯೋಲೋನ್ ಬಿಲ್ಲೆಯೂ ಸಾಧು ಅಲ್ಲ: ತಿಂದ ಇಲಿ ಕೂಡಲೇ ಸಾಯದೆ ಕೆಲವು ದಿನ ಮಂಕಾಗಿ ತಿರುಗ್ತದ, ಅದನ್ನ ಹಿಡಿದು ತಿಂದ ಗೂಗೆಗೂ ವಿಷ ಏರ್ತದ. ಮೇಲಾಗಿ ಮುಂಗುಸಿ, ಮರಬೆಕ್ಕು ಎರಡಕ್ಕೂ 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯ ರಕ್ಷಣೆ ಇದೆ. ಕೊಂದರೆ ಅಪರಾಧ.

ಹೆಗ್ಗಣಕ್ಕೆ ನಾನು ಮಾಡೋದು ಇಷ್ಟು. ಸಂಜೆ ಎಲ್ಲ ಬಿಲದ ಬಾಯಿ ಹಸಿಮಣ್ಣಿನಿಂದ ಮುಚ್ತೀನಿ. ಬೆಳಿಗ್ಗೆ ತೆರೆದಿರುವ ಬಿಲ ಮಾತ್ರ ಜೀವಂತ, ಅಲ್ಲೇ ಬೋನು. ಒಣಮೀನು ಇಲ್ಲವೇ ಸುಟ್ಟ ಕೊಬ್ಬರಿ ತುಂಡು ಇಟ್ಟು, ಮೊದಲ ಎರಡು ರಾತ್ರಿ ಬೋನಿನ ಬಾಗಿಲು ಬೀಳದಂಗೆ ಕಟ್ತೀನಿ. ಹೆಗ್ಗಣ ಹೊಸ ವಸ್ತು ಕಂಡರೆ ಅಂಜುತ್ತದ, ರೂಢಿಯಾಗಬೇಕು. ಗದ್ದೆಯಲ್ಲಿ ಟಿ ಆಕಾರದ ಕೋಲು ನೆಟ್ಟರೆ ರಾತ್ರಿ ಗೂಗೆ ಕೂತು ಬೇಟೆ ಆಡ್ತದ, ಅದಕ್ಕೆ ಕೂಲಿ ಇಲ್ಲ.

ಮಂಗನ ಕಾಟ ಬೇರೆಯೇ ಕಥೆ, ಅದನ್ನ ಇನ್ನೊಂದು ವಾರ ಬರೀತೀನಿ. ಗುರುತು ಹತ್ತದಿದ್ದರೆ ತಿಂದ ಹಣ್ಣು, ಹಿಕ್ಕೆ, ಹೆಜ್ಜೆ ಮೂರರ ಪಕ್ಕದಲ್ಲೂ ಬೆಂಕಿಪೊಟ್ಟಣ ಇಟ್ಟು ಫೋಟೋ ತೆಗೀರಿ, ಅಳತೆ ಸಿಗ್ತದ. ಅದನ್ನ ಕವಡಿಮಟ್ಟಿ ಕೃಷಿ ವಿಜ್ಞಾನ ಕೇಂದ್ರದಲ್ಲಿ ತೋರಿಸಬಹುದು.