ಕಲ್ಲಿನ ಸುತ್ತಿಗೆ ಬಾಗುವ ಹೊತ್ತು

ಬೆಳ್ಳಿಚುಕ್ಕಿ ಇನ್ನೂ ಮೇಲೇರಿಲ್ಲ. ಹಲಸಂಗಿಯ ಮಣ್ಣಿನ ಮಾಳಿಗೆಗಳ ಮೇಲೆ ಕತ್ತಲು ಕಂಬಳಿಯಂತೆ ಹಾಸಿಕೊಂಡಿದೆ. ದನದ ಅಂಕಣದಲ್ಲಿ ಎತ್ತು ಕತ್ತು ಕೊಡವಿತು. ಕೊರಳ ಗಂಟೆ ಒಮ್ಮೆ ನುಡಿದು ಸುಮ್ಮನಾಯಿತು. ಸುಮಾರು ನೂರು ವರ್ಷ ಹಿಂದಿನ ನಸುಕಿಗೆ ನಿಮ್ಮನ್ನು ಕರೆತಂದಿದ್ದೇನೆ, ಹೆಜ್ಜೆ ಸಪ್ಪಳವಾಗದಂತೆ ಬನ್ನಿ. ಪಡಸಾಲೆಯ ಮೂಲೆಯಲ್ಲಿ, ಚಿಮಣಿಯ ಬೆಳಕಿನಲ್ಲಿ ಇಬ್ಬರು ಹೆಣ್ಣುಮಕ್ಕಳು ಬೀಸುವ ಕಲ್ಲಿಗೆ ಎದುರುಬದುರು ಕೂತಿದ್ದಾರೆ. ಪಕ್ಕದ ಬುಟ್ಟಿಯಲ್ಲಿ ಬಿಳಿಜೋಳ, ಕರಿಮಣ್ಣಿನ ಹೊಲದಿಂದ ಹಿಂಗಾರಿಗೆ ಬಂದ ಕಾಳು. ಒಂದೇ ಗೂಟದ ಮೇಲೆ ಇಬ್ಬರ ಕೈ. ಒಬ್ಬಾಕೆ ನೂಕುತ್ತಾಳೆ, ಇನ್ನೊಬ್ಬಾಕೆ ಎಳೆಯುತ್ತಾಳೆ.

ಮೊದಲು ಬರಿಯ ಗರಗರ. ನಾಲ್ಕಾರು ಸುತ್ತಿಗೆ ಕಲ್ಲು ಹದಕ್ಕೆ ಬರುತ್ತಲೇ ಹಿರಿಯಾಕೆಯ ಗಂಟಲಿನಿಂದ ದನಿಯೊಂದು ಏಳುತ್ತದೆ. ಎದುರಿನಾಕೆ ಅದನ್ನು ಎತ್ತಿಕೊಳ್ಳುತ್ತಾಳೆ. ಈಗ ಕಿವಿಯನ್ನು ಕಲ್ಲಿಗೂ ಹಾಡಿಗೂ ಒಟ್ಟಿಗೆ ಕೊಡಿ. ಹಿರಿಯಾಕೆಯ ಎಡಗೈ ಬುಟ್ಟಿಗೆ ಹೋಗಿ ಒಂದು ಹಿಡಿ ಜೋಳವನ್ನು ಕಲ್ಲಿನ ಬಾಯಿಗೆ ಸುರಿಯಿತು. ಕೂಡಲೇ ಕಲ್ಲು ಭಾರವಾಯಿತು, ಸುತ್ತು ನಿಧಾನವಾಯಿತು, ನಾಲಿಗೆಯ ಮೇಲಿದ್ದ ಅಕ್ಷರ ಉದ್ದವಾಯಿತು. ತವರಿನ ಹೆಸರು ಆ ಜಾಗದಲ್ಲಿ ಬಂದರೆ ಅದರ ನಡುವಿನ ಸ್ವರ ಅರ್ಧ ಸುತ್ತಿನ ತನಕ ಎಳೆದುಕೊಂಡು ಹೋಗುತ್ತದೆ. ಕಾಳು ಸವೆಯುತ್ತಿದ್ದಂತೆ ಕಲ್ಲು ಹಗುರಾಗುತ್ತದೆ, ಮಾತುಗಳು ಒಂದರ ಬೆನ್ನಿಗೊಂದು ಓಡುತ್ತವೆ. ಮತ್ತೆ ಒಂದು ಹಿಡಿ, ಮತ್ತೆ ಎಳೆತ. ಕಲ್ಲಿನ ಸುತ್ತ ಹಿಟ್ಟು ಬೆಳ್ಳಗೆ ಉಂಗುರವಾಗಿ ಬೀಳುತ್ತಿದೆ. ಆಗಷ್ಟೇ ಒಡೆದ ಜೋಳದ ಬೆಚ್ಚನೆಯ, ತುಸು ಸಿಹಿಯಾದ ವಾಸನೆ ಮೂಗಿಗೆ ತಾಗುತ್ತಿದೆ.

ಆ ಮನೆಯಲ್ಲಿ ಗಡಿಯಾರವಿಲ್ಲ. ಹೊತ್ತನ್ನು ಹಿಗ್ಗಿಸುವುದೂ ಕುಗ್ಗಿಸುವುದೂ ಈ ಇಬ್ಬರ ಕೈಯಲ್ಲಿದೆ. ರಟ್ಟೆ ಸೋಲುವ ದುಡಿಮೆಯ ಹೊತ್ತು ಹಾಡಿನೊಳಗೆ ಕರಗಿ ಸಣ್ಣದಾಗುತ್ತದೆ. ಅಣ್ಣ ಕರೆಯಲು ಬಂದ ಗಳಿಗೆಯಾಗಲಿ, ತೊಟ್ಟಿಲ ಕೂಸು ನಕ್ಕ ಗಳಿಗೆಯಾಗಲಿ ಹತ್ತಾರು ಸುತ್ತು ಬೆಳೆದು ನಿಲ್ಲುತ್ತದೆ. ಸಂಗೀತಕ್ಕೂ ಕಾಲಕ್ಕೂ ಇರುವ ನಂಟನ್ನು ಕಲಿಸುವ ಶಾಸ್ತ್ರವೊಂದು ಬೇಕೆಂದು ಯಾರಾದರೂ ಕೇಳಿದರೆ ನಾನು ಈ ಪಡಸಾಲೆಯನ್ನೇ ತೋರಿಸುತ್ತೇನೆ.

ಅವರು ಹಾಡುತ್ತಿರುವುದು ತ್ರಿಪದಿ. ಈ ಸೀಮೆಗೆ ಅದು ಹಳೆಯ ನಂಟು. ಬಾದಾಮಿಯ ಕಪ್ಪೆ ಅರಭಟ್ಟನ ಶಾಸನದಲ್ಲಿ, ಸಾವಿರದ ಇನ್ನೂರಕ್ಕೂ ಹೆಚ್ಚು ವರ್ಷದ ಹಿಂದೆಯೇ ಅದು ಕಲ್ಲಿಗೇರಿದೆ. ಮೂರು ಸಾಲು, 11 ಗಣ. ಆರನೆಯದೂ ಹತ್ತನೆಯದೂ ಗಿಡ್ಡನೆಯ ಬ್ರಹ್ಮಗಣ, ಉಳಿದದ್ದೆಲ್ಲ ಅದಕ್ಕಿಂತ ಉದ್ದನೆಯ ವಿಷ್ಣುಗಣ. ಹತ್ತನೆಯ ಶತಮಾನದ ನಾಗವರ್ಮ ‘ಛಂದೋಂಬುಧಿ’ಯಲ್ಲಿ ಇಂಥ ಮಟ್ಟುಗಳನ್ನು ಕನ್ನಡದ್ದೇ ಎಂದು ಬೇರೆಯಾಗಿ ಎಣಿಸಿದ. ಇವುಗಳ ಗುಟ್ಟು ಅಂಶದಲ್ಲಿದೆ, ಹಾಡುವ ದನಿಗೆ ತಕ್ಕಂತೆ ಹಿಗ್ಗಿ ಕುಗ್ಗುವ ಅಳತೆಯಲ್ಲಿ. ಒಂದೊಂದು ಮಾತ್ರೆಯನ್ನೂ ಅಳೆದು ಕೂರಿಸುವ ಬಿಗಿ ಇಲ್ಲಿಲ್ಲ. ಒಂದೇ ವಿಷ್ಣುಗಣ ಎಂಟು ರೂಪ ತಾಳಬಲ್ಲದು. ಅಕ್ಷರ ಕಡಿಮೆಯಾದಲ್ಲಿ ದನಿ ಎಳೆದು ತುಂಬುತ್ತದೆ, ಹೆಚ್ಚಾದಲ್ಲಿ ಬಿರುಸಾಗಿ ದಾಟುತ್ತದೆ. ಹಾಡುವಾಗ ಎರಡನೆಯ ಸಾಲಿನ ಒಂದು ತುಂಡು ಮರಳಿ ಬರುವುದರಿಂದ ಮೂರು ಸಾಲು ಕಿವಿಗೆ ನಾಲ್ಕಾಗಿ ಕೇಳುತ್ತದೆ. ಕಲ್ಲಿನ ಎದುರು ಕೂತವರಿಗೆ ಗಣದ ಹೆಸರು ಗೊತ್ತಿರಲಿಲ್ಲ. ಎಲ್ಲಿ ಎಳೆಯಬೇಕು, ಎಲ್ಲಿ ಬಿಡಬೇಕು ಎಂಬುದು ಮಾತ್ರ ತೋಳಿಗೆ ಗೊತ್ತಿತ್ತು.

ಇದೇ ಊರಲ್ಲಿ ಕೂಡಿದ ನಾಲ್ವರು ಗೆಳೆಯರು ಈ ದನಿಗೆ ಕಿವಿಗೊಟ್ಟರು, ಹಾಡುಗಳನ್ನು ಬರೆದುಕೊಂಡರು: ಮಧುರಚೆನ್ನ, ಸಿಂಪಿ ಲಿಂಗಣ್ಣ, ಪಿ. ಧೂಲಾಸಾಹೇಬ, ಕಾಪಸೆ ರೇವಪ್ಪ. 1931ರಲ್ಲಿ ‘ಗರತಿಯ ಹಾಡು’ ಪುಸ್ತಕವಾಗಿ ಬಂತು, 1935ರಲ್ಲಿ ‘ಮಲ್ಲಿಗೆ ದಂಡೆ’. ನಡುವೆ 1933ರಲ್ಲಿ ಬಂದದ್ದು ‘ಜೀವನ ಸಂಗೀತ’, ಅದು ಲಾವಣಿಗಳದ್ದು. ಖಾಜಾಭಾಯಿಯಂಥ ಲಾವಣಿಕಾರನ ಊರು ಇದು, ರಾತ್ರಿಯಿಡೀ ದಪ್ಪಿನ ಪೆಟ್ಟಿಗೆ ಸವಾಲು ಜವಾಬು ನಡೆಸಿದ ಊರು. ಆದರೆ ನನ್ನ ಮನಸ್ಸು ದಪ್ಪಿಗಿಂತ ಕಲ್ಲಿನ ಕಡೆಗೇ ಜಗ್ಗುತ್ತದೆ. ಸುತ್ತುವ ದನಿಯನ್ನು ನಿಂತ ಅಕ್ಷರವಾಗಿಸುವುದು ಎಂಥ ಕಷ್ಟದ ಕೆಲಸ! ಹಾಡನ್ನು ಬರೆದುಕೊಳ್ಳಬಹುದು, ಒಂದು ಹಿಡಿ ಜೋಳದ ಭಾರವನ್ನು ಬರೆದುಕೊಳ್ಳುವುದು ಹೇಗೆ? ಜನಪದ ಗೀತೆಗಳ ಪುಸ್ತಕ ತೆರೆದಾಗ ಅಕ್ಷರಗಳ ನಡುವೆ ‘ಽ’ ಎಂಬ ಪುಟ್ಟ ಕೊಕ್ಕೆ ಕಂಡಿರಬಹುದು. ಅನೇಕರು ಅದನ್ನು ನೋಡದೆ ದಾಟುತ್ತಾರೆ. ಎಳೆದ ಸ್ವರದ ಗುರುತು ಅದು. ಕಲ್ಲು ಭಾರವಾಗಿದ್ದ ಹೊತ್ತು ಕಾಗದದ ಮೇಲೆ ಉಳಿದಿರುವುದು ಅಷ್ಟರಲ್ಲೇ. ಅಲ್ಲಿ ತುಸು ನಿಂತು ಓದಿ ಎಂದು ನಾನು ಎಲ್ಲರನ್ನೂ ಬೇಡಿಕೊಳ್ಳುತ್ತೇನೆ. ಈಗ ಊರೂರಲ್ಲೂ ಹಿಟ್ಟಿನ ಗಿರಣಿ ಇದೆ. ಹೆಂಗಸರ ರಟ್ಟೆಗೆ ಬಿಡುವು ಸಿಕ್ಕಿತು, ಸಿಗಲೇಬೇಕಿತ್ತು. ಗಿರಣಿಯ ಪಟ್ಟಾ ಮಾತ್ರ ಯಾರ ಉಸಿರಿಗೂ ಕಾಯುವುದಿಲ್ಲ.

ಪಡಸಾಲೆಯಲ್ಲಿ ಬುಟ್ಟಿ ತಳ ಕಂಡಿದೆ. ಕೊನೆಯ ಹಿಡಿ ಒಳಗೆ ಹೋಯಿತು. ಕೈ ಬಿಟ್ಟ ಮೇಲೂ ಕಲ್ಲು ಮುಕ್ಕಾಲು ಸುತ್ತು ತಾನೇ ತಿರುಗಿತು, ಹಿರಿಯಾಕೆಯ ದನಿ ಅಲ್ಲಿಯವರೆಗೂ ಅದರ ಜೊತೆಗೇ ಹೋಯಿತು. ಕಿರಿಯಾಕೆ ಅರಿವೆಯಿಂದ ಹಿಟ್ಟನ್ನು ಒಟ್ಟುಮಾಡಿದಳು. ಹಿತ್ತಿಲಲ್ಲಿ ಕೋಳಿ ಕೂಗಿತು.