ಕರೆಂಟು ಹೋಗಿದೆ ಅಂತ ಬ್ಲೇಡಿಗೆ ಕೈ ಹಾಕಬೇಡಿ



ಶಿರಸಿ, ಸಿದ್ದಾಪುರ, ಯಲ್ಲಾಪುರದ ಕಡೆ ಮಳೆಗಾಲದ ಕರೆಂಟು ಹೇಗೆ ಅಂತ ನಿಮಗೆ ನಾವು ಹೇಳಬೇಕಾಗಿಲ್ಲ. ಗಾಳಿ ಎದ್ದರೆ ಯಾವುದೋ ಮರದ ಟೊಂಗೆ ತಂತಿಯ ಮೇಲೆ ಬೀಳುತ್ತದೆ, ಕರೆಂಟು ಹೋಗುತ್ತದೆ. ಒಮ್ಮೆ ಐದು ನಿಮಿಷಕ್ಕೆ ಬರುತ್ತದೆ, ಒಮ್ಮೆ ಎರಡು ದಿನವಾದರೂ ಇಲ್ಲ. ಹೋದಾಗ ಹೆಂಗಸರು ಸುಮ್ಮನೆ ಕೂರುವವರಲ್ಲ. "ಹೇಗೂ ಮಶಿನ್ ನಿಂತಿದೆ, ಈಗಲೇ ಬ್ಲೇಡು ಬದಲಿಸಿಬಿಡುವ" ಅನಿಸುತ್ತದೆ. ಬೆರಳು ಹೋಗುವುದು ಇಂಥ ಹೊತ್ತಿನಲ್ಲೇ.

ಜೇನು ಪೆಟ್ಟಿಗೆ, ಸ್ಟೂಲು, ಮಣೆ ಮುಂತಾದ ಸಣ್ಣ ಮರಗೆಲಸಕ್ಕೆ ಟೇಬಲ್ ಗರಗಸ ಇಟ್ಟುಕೊಂಡವರಿಗೂ, ಮನೆಯಲ್ಲಿ ಗಂಡನೋ ಮಗನೋ ಬಡಗಿ ಕೆಲಸ ಮಾಡುವವರಿಗೂ ಈ ಮಾಹಿತಿ ಕೊಡುತ್ತಿದ್ದೇವೆ. ಓದು ಬಾರದ ಸದಸ್ಯೆಯರಿಗೆ ವಾರದ ಸಭೆಯಲ್ಲಿ ಓದಿ ಹೇಳಿ.

ಹಲಗೆ ಸೀಳುತ್ತಿರುವಾಗ ಕರೆಂಟು ಹೋಯಿತು ಎಂದುಕೊಳ್ಳಿ. ಬ್ಲೇಡು ತಾನೇ ನಿಲ್ಲುತ್ತದೆ. ಆದರೆ ಸ್ವಿಚ್ ಆನ್ ಇದ್ದಲ್ಲೇ ಇದೆ, ಅದನ್ನು ಯಾರೂ ಆಫ್ ಮಾಡಿಲ್ಲ. ನೀವು ನಟ್ಟು ಬಿಚ್ಚುತ್ತಾ ಇದ್ದೀರಿ, ಕರೆಂಟು ಬಂತು. ಮೋಟಾರಿಗೆ ಪೂರ್ತಿ ವೇಗ ಹಿಡಿಯಲು ಒಂದೆರಡು ಸೆಕೆಂಡು ಸಾಕು. ನಿಮಿಷಕ್ಕೆ 2,880 ಸುತ್ತು ತಿರುಗುವ 10 ಇಂಚಿನ ಬ್ಲೇಡಿನ ಹಲ್ಲು ಒಂದು ಸೆಕೆಂಡಿಗೆ ಸುಮಾರು 38 ಮೀಟರ್ ಓಡುತ್ತದೆ. ಕೈ ಎಳೆದುಕೊಳ್ಳೋಣ ಅಂತ ಯೋಚಿಸುವಷ್ಟು ಪುರುಸೊತ್ತು ಸಿಗುವುದಿಲ್ಲ.

ತೋಟದ ಪಂಪ್‌ಸೆಟ್ಟಿಗೆ ನಮ್ಮ ಕಡೆ ಆಟೋ ಸ್ಟಾರ್ಟರ್ ಹಾಕುತ್ತಾರೆ. ಕರೆಂಟು ಬಂದ ಕೂಡಲೇ ಪಂಪು ತಾನೇ ಶುರುವಾಗಲಿ, ರಾತ್ರಿ ಎದ್ದು ತೋಟಕ್ಕೆ ಹೋಗುವುದು ತಪ್ಪಲಿ ಅಂತ. ಪಂಪಿಗೆ ಅದು ಸರಿ. ಆದರೆ ಮನೆಯಲ್ಲಿ ಹಳೇದು ಬಿದ್ದಿದೆ, ಖರ್ಚು ಉಳೀತು ಅಂತ ಅದನ್ನೇ ಗರಗಸಕ್ಕೆ ಜೋಡಿಸಿದರೆ ಅಪಾಯವನ್ನು ಕೈಯಾರೆ ಕಟ್ಟಿಕೊಂಡ ಹಾಗೆ. ಗರಗಸಕ್ಕೆ ಬೇಕಾದದ್ದು ಹಸಿರು ಗುಂಡಿ, ಕೆಂಪು ಗುಂಡಿ ಇರುವ, ನೋ-ವೋಲ್ಟ್ ಕಾಯಿಲ್‌ನ ಸ್ಟಾರ್ಟರ್. ಕರೆಂಟು ಹೋದರೆ ಆ ಕಾಯಿಲ್ ಬಿಟ್ಟುಕೊಳ್ಳುತ್ತದೆ. ಮತ್ತೆ ಕರೆಂಟು ಬಂದರೂ ಹಸಿರು ಗುಂಡಿ ಒತ್ತುವ ತನಕ ಮೋಟಾರು ಅಲ್ಲಾಡುವುದಿಲ್ಲ. ಸಾಲ ಮಾಡಿ ಮಶಿನ್ ತರುವ ಸಂಘ ಬಣ್ಣ ನೋಡುವ ಮೊದಲು ಇದನ್ನು ಕೇಳಬೇಕು.

ಒಳ್ಳೆಯ ಸ್ಟಾರ್ಟರ್ ಇದ್ದರೂ ಬ್ಲೇಡು ಮುಟ್ಟುವ ಮೊದಲು ಪ್ಲಗ್ ಕೀಳಲೇಬೇಕು. ಕಿತ್ತ ಪ್ಲಗ್ ಕಣ್ಣೆದುರಿಗೆ, ಮೇಜಿನ ಮೇಲೆ ಇರಲಿ. ತ್ರೀ ಫೇಸ್ ಮಶಿನ್ ಆದರೆ ಮೇನ್ ಸ್ವಿಚ್ ಇಳಿಸಿ, ಫ್ಯೂಸ್ ಕಿತ್ತು ನಿಮ್ಮ ಹತ್ತಿರವೇ ಇಟ್ಟುಕೊಳ್ಳಿ. ಗೊತ್ತಿಲ್ಲದೆ ಇನ್ನೊಬ್ಬರು ಬಂದು ಹಾಕಿಬಿಡಬಾರದಲ್ಲ! ನಾವು ಹೇಳುವ ಒಂದು ಸುಲಭ ಉಪಾಯ: ಬ್ಲೇಡಿನ ಸ್ಪ್ಯಾನರನ್ನು ಗಿಡ್ಡ ಹುರಿಯಿಂದ ಪ್ಲಗ್ಗಿಗೇ ಕಟ್ಟಿಬಿಡಿ. ಪ್ಲಗ್ ಕೀಳದೆ ಸ್ಪ್ಯಾನರ್ ನಟ್ಟಿನ ತನಕ ಬರುವುದೇ ಇಲ್ಲ.

ಆಮೇಲೆ ಬ್ಲೇಡನ್ನು ಪೂರ್ತಿ ಮೇಲೆತ್ತಿ, ಸುತ್ತಲಿನ ತಟ್ಟೆ ತೆಗೆಯಿರಿ. ಆಗಷ್ಟೇ ಓಡಿದ ಬ್ಲೇಡು ಬಿಸಿ ಇರ್ತದೆ, ಸ್ವಲ್ಪ ತಡೆಯಿರಿ. ನಟ್ಟು ಬಿಚ್ಚುವಾಗ ಬ್ಲೇಡನ್ನು ಕೈಯಲ್ಲಿ ಹಿಡಿಯಬೇಡಿ, ಹಲ್ಲಿಗೆ ಮರದ ತುಂಡು ಕೊಟ್ಟು ತಡೆಯಿರಿ. ನಟ್ಟು ಸಾಮಾನ್ಯವಾಗಿ ಬ್ಲೇಡು ತಿರುಗುವ ದಿಕ್ಕಿಗೇ ಬಿಚ್ಚಿಕೊಳ್ಳುತ್ತದೆ. ಇದು ತಿಳಿಯದೆ ಉಲ್ಟಾ ದಿಕ್ಕಿಗೆ ಜೋರು ಹಾಕಿ, ಸ್ಪ್ಯಾನರ್ ಜಾರಿ ಹಲ್ಲಿಗೆ ಕೈ ಬಡಿಸಿಕೊಳ್ಳುವವರೇ ಹೆಚ್ಚು. ತೆಗೆದ ಬ್ಲೇಡನ್ನು ದಪ್ಪ ಬಟ್ಟೆಯಲ್ಲಿ ಸುತ್ತಿ, ಮಕ್ಕಳ ಕೈಗೆ ಸಿಗದಂತೆ ಇಡಿ.

ಹೊಸ ಬ್ಲೇಡಿನ ನಡುವಿನ ತೂತು ನಿಮ್ಮ ಶಾಫ್ಟಿಗೆ ಸರಿಯಾಗಿ ಕೂರಬೇಕು. ಬ್ಲೇಡಿನ ಮೇಲೆ ಬರೆದ ವೇಗ ಮಶಿನ್ನಿನ ವೇಗಕ್ಕಿಂತ ಕಡಿಮೆ ಇರಬಾರದು. ಬಿರುಕು ಬಿಟ್ಟದ್ದು, ಹಲ್ಲು ಉದುರಿದ್ದು ಬೇಡವೇ ಬೇಡ. ಮೇಜಿನ ಮೇಲೆ ಕಾಣುವ ಹಲ್ಲು ನಿಂತವರ ಕಡೆಗೆ ಮುಖ ಮಾಡಿರಬೇಕು.

ಎರಡು ಬದಿಯ ವಾಷರ್ ಒರೆಸುವುದನ್ನು ಮಾತ್ರ ಮರೆಯಬೇಡಿ. ಚೂರು ಮರದ ಪುಡಿ ಅಲ್ಲಿ ಉಳಿದರೂ ಬ್ಲೇಡು ಓಲಾಡುತ್ತದೆ, ಕೊಯ್ದದ್ದು ಅಗಲವಾಗುತ್ತದೆ. ಜೇನು ಪೆಟ್ಟಿಗೆ ಮಾಡುವವರಿಗೆ ಇದರ ನಷ್ಟ ಗೊತ್ತು. ಚೌಕಟ್ಟಿಗೂ ಪೆಟ್ಟಿಗೆಯ ಗೋಡೆಗೂ ನಡುವಿನ ಸಂದು ಮಿಲಿಮೀಟರ್ ಲೆಕ್ಕದ್ದು. ಹೆಚ್ಚಾದರೆ ತುಡುವೆ ಜೇನು ಅಲ್ಲೇ ಅಡ್ಡ ಎರಿ ಕಟ್ಟಿಬಿಡ್ತದೆ, ಚೌಕಟ್ಟು ಮೇಲೆ ಬರುವುದಿಲ್ಲ. (ಈ ಸಂದಿನ ಗುಟ್ಟನ್ನು 1851ರಲ್ಲಿ ಹಿಡಿದವರು ಅಮೆರಿಕದ ಪಾದ್ರಿ ಲಾಂಗ್‌ಸ್ಟ್ರಾತ್. ನಮ್ಮ ಜೇನಿಗೆ ಒಗ್ಗುವ ಸಣ್ಣ ಪೆಟ್ಟಿಗೆಯನ್ನು 1910ರ ದಶಕದಲ್ಲಿ ದಕ್ಷಿಣ ಭಾರತದಲ್ಲಿ ಮಾಡಿದವರೂ ಒಬ್ಬ ಪಾದ್ರಿಯೇ, ಫಾದರ್ ನ್ಯೂಟನ್.)

ನಟ್ಟು ಬಿಗಿ ಮಾಡಿ, ಆದರೆ ಮೈ ಭಾರವೆಲ್ಲ ಹಾಕಬೇಡಿ. ತಟ್ಟೆ, ಬ್ಲೇಡಿನ ಹಿಂದಿನ ಉಕ್ಕಿನ ಪಟ್ಟಿ, ಮೇಲಿನ ಗಾರ್ಡ್ ಎಲ್ಲವನ್ನೂ ತಿರುಗಿ ಹಾಕಿ. ಅಡ್ಡ ಬರ್ತದೆ ಅಂತ ಬಿಚ್ಚಿಟ್ಟ ಗಾರ್ಡು ಮೂಲೆಯಲ್ಲಿ ತುಕ್ಕು ಹಿಡಿಯುವುದನ್ನು ನಾವು ಬೇಕಾದಷ್ಟು ಕಡೆ ನೋಡಿದ್ದೇವೆ. ಪ್ಲಗ್ ಹಾಕುವ ಮೊದಲು ಮರದ ತುಂಡಿನಿಂದ ಬ್ಲೇಡನ್ನು ಒಂದು ಸುತ್ತು ತಿರುಗಿಸಿ, ಎಲ್ಲೂ ತಾಗಬಾರದು. ಮೊದಲ ಸಲ ಚಾಲೂ ಮಾಡುವಾಗ ಬ್ಲೇಡಿನ ನೇರಕ್ಕೆ ನಿಲ್ಲದೆ ಪಕ್ಕಕ್ಕೆ ನಿಲ್ಲಿ. ಸೆರಗು ಸೊಂಟಕ್ಕೆ, ಜಡೆ ಮೇಲಕ್ಕೆ, ಬಳೆ ತೆಗೆದಿಡಿ. ಮಶಿನ್ ಓಡುವಾಗ ಕೈಗವಸು ಬೇಡ, ಅದು ಕೈಯನ್ನೇ ಒಳಗೆ ಎಳೆಯುತ್ತದೆ.

ಇಷ್ಟಾದ ಮೇಲೂ ಅವಘಡ ಆದರೆ ಅರಿಶಿನ, ಕಾಫಿ ಪುಡಿ, ಸುಣ್ಣ ಏನೂ ಹಚ್ಚಬೇಡಿ. ಒಗೆದ ಬಟ್ಟೆಯಿಂದ ಗಾಯ ಒತ್ತಿ ಹಿಡಿದು ಕೈ ಮೇಲೆತ್ತಿ, 108ಕ್ಕೆ ಫೋನ್ ಮಾಡಿ. ಬೆರಳು ತುಂಡಾಗಿದ್ದರೆ ಗಾಬರಿಯಲ್ಲಿ ಅದನ್ನು ಅಲ್ಲೇ ಬಿಟ್ಟು ಹೋಗಬೇಡಿ. ಒದ್ದೆ ಮಾಡಿ ಹಿಂಡಿದ ಚೊಕ್ಕ ಬಟ್ಟೆಯಲ್ಲಿ ಸುತ್ತಿ, ಪ್ಲಾಸ್ಟಿಕ್ ಚೀಲದಲ್ಲಿ ಹಾಕಿ ಬಾಯಿ ಕಟ್ಟಿ, ಆ ಚೀಲವನ್ನು ಐಸ್ ಹಾಕಿದ ನೀರಿನ ಪಾತ್ರೆಯಲ್ಲಿ ಇಡಿ. ಬೆರಳಿಗೆ ಐಸ್ ನೇರ ತಾಗಬಾರದು. ಶಿರಸಿಯಿಂದ ಹುಬ್ಬಳ್ಳಿಗೆ ಸುಮಾರು 100 ಕಿ.ಮೀ. ಇದೆ. ತಣ್ಣಗೆ ಇಟ್ಟು ಬೇಗ ತಲುಪಿಸಿದರೆ ಬೆರಳು ಜೋಡಿಸಲು ವೈದ್ಯರಿಗೆ ಒಂದು ಅವಕಾಶವಾದರೂ ಇರ್ತದೆ.